ಕೊಲೊರಾಡೊದಿಂದ ಮಾವಶಿಯ ಖಾನಾವಳಿಗೆ

ದೆಹಲಿಯಲ್ಲಿ ಯಾರು ಆಳಬೇಕು ಎಂದು ಹೇಳಲು ನನಗೊಂದು ಓಟಿತ್ತು. ದಿನಾ ಬೆಳಿಗ್ಗೆ ನಾನೇ ಬೀಗ ತೆಗೆದು, ಕಸ ಹೊಡೆದು, ಕಿಟಕಿ ತೆರೆಯುತ್ತಿದ್ದ ನಮ್ಮ ಕನ್ನಡ ಸಂಘಕ್ಕೆ ಯಾರು ಕಾರ್ಯದರ್ಶಿಯಾಗಬೇಕು ಎಂದು ಹೇಳಲು ಇರಲಿಲ್ಲ. ಎಪ್ಪತ್ತರ ದಶಕದ ಕೊನೆಯ ಪುಣೆಯ ಮಾತಿದು. ಸಂಘದ ಹೆಸರು ಇಲ್ಲಿ ಬೇಡ. ಓದುವವರು ತಮ್ಮ ಸಂಘವನ್ನೇ ನೆನೆದುಕೊಂಡರೆ ನನ್ನದೇನೂ ತಕರಾರಿಲ್ಲ.

ನಾನು ಆ ಸಂಘದ ಶಿಶುವಿಹಾರದ ಟೀಚರು. ಹಿಂದಿನ ಕೋಣೆಯಲ್ಲಿ ಬೆಳಗಿನ ಹೊತ್ತು ಮಕ್ಕಳು ಸೇರುತ್ತಿದ್ದವು. ಓಣಿಗೆ ಇಳಿದರೆ ಮರಾಠಿ, ಮನೆಯಲ್ಲಿ ಅರ್ಧ ಕನ್ನಡ ಅರ್ಧ ಮರಾಠಿ ಆಡುವ ಮಕ್ಕಳಿಗೆ ಅಕ್ಷರ ತಿದ್ದಿಸುವುದು, ಹಾಡು ಹೇಳಿಸುವುದು, ಮೂಗು ಒರೆಸುವುದು ನನ್ನ ಕೆಲಸ. ಆ ವರ್ಷ ದೀಪಾವಳಿ ಮುಗಿದ ಮೇಲೆ ಒಂದು ದಿನ ಕಾರ್ಯದರ್ಶಿಗಳು ಬಾಗಿಲಲ್ಲಿ ಬಂದು ನಿಂತರು. ಮಳೆಗಾಲದಲ್ಲಿ ನಡೆಯುವ ವಾರ್ಷಿಕ ಸಭೆಗೆ ಒಂದು ಠರಾವು ಬರುತ್ತದೆ, ಈ ಕೋಣೆಯನ್ನು ಒಬ್ಬ ಬಟ್ಟೆ ವ್ಯಾಪಾರಿಗೆ ಗೋದಾಮಿಗಾಗಿ ಬಾಡಿಗೆ ಕೊಡುವ ವಿಚಾರವಿದೆ ಎಂದರು.

"ಮತ್ತ ಮಕ್ಕಳ್ರಿ?"

"ಅದು ಸಭಾದಾಗ ನಿರ್ಣಯ ಆಗ್ತದ್ರಿ ಟೀಚರ. ನನ್ನ ಕೈಯಾಗ ಏನದ?"

"ಹಂಗಾದ್ರ ನಾ ಸಭಾದಾಗ ಮಾತಾಡ್ತೀನಿ."

"ಮಾತಾಡ್ರಿ, ಯಾರ ಬ್ಯಾಡ ಅಂತಾರ? ಓಟ ಹಾಕಾಕ ಬರೂದಿಲ್ಲ, ಅಷ್ಟ." ಇಷ್ಟು ಹೇಳಿ ಅವರು ಕೊಡೆ ಬಿಡಿಸಿಕೊಂಡು ಬಿಸಿಲಿಗೆ ಇಳಿದರು. ಕೆಟ್ಟ ಮನುಷ್ಯರಲ್ಲ. ನಿಯಮ ಹೇಳುವಾಗ ಅವರ ಮುಖದಲ್ಲಿ ಒಂದು ಬಗೆಯ ಸಂತೋಷ ಕಾಣಿಸುತ್ತಿತ್ತು, ಅಷ್ಟೇ.

ಸಂಘದ ನಿಯಮಾವಳಿಯಲ್ಲಿ ಸದಸ್ಯತ್ವ ಕುಟುಂಬಕ್ಕೊಂದು. ಕುಟುಂಬದ ಪರವಾಗಿ ಓಟು ಹಾಕುವವನು ಯಜಮಾನ. ನಮ್ಮ ಮನೆಯ ಓಟು ಬ್ಯಾಂಕಿನಲ್ಲಿ ಗುಮಾಸ್ತರಾಗಿದ್ದ ನನ್ನ ಯಜಮಾನರದು. ಅವರು ಪ್ರತಿ ಸಲ ಸಭೆಯಿಂದ ಬಂದು ಚಪ್ಪಲಿ ಬಿಡುವ ಮೊದಲೇ ಯಾರಿಗೆ ಹಾಕಿದೆ, ಯಾಕೆ ಹಾಕಿದೆ ಎಂದು ಹೇಳಿಬಿಡುತ್ತಿದ್ದರು. ನಾನೂ ಕೇಳಿಕೊಂಡು ಚಹಾಕ್ಕೆ ಇಡುತ್ತಿದ್ದೆ. ಶಿಶುವಿಹಾರಕ್ಕೆ ಕುತ್ತು ಬರುವವರೆಗೆ ಇದರಲ್ಲಿ ಏನಾದರೂ ಕೊರತೆ ಇದೆ ಎಂದು ನನಗೆ ಹೊಳೆದಿರಲಿಲ್ಲ.

ಮಹಿಳಾ ವಿಭಾಗದವರು ಒಟ್ಟು ಕುಳಿತು ಯೋಚನೆ ಮಾಡಿದೆವು. ಹಾಡು, ಹಬ್ಬ, ನಾಡಹಬ್ಬದ ನಾಟಕ ಎಲ್ಲ ನಮ್ಮ ಮೇಲೆಯೇ ನಡೆಯುತ್ತಿತ್ತು. ನಿಯಮಾವಳಿ ತಿದ್ದಿ ನಮಗೂ ಓಟು ತರುವುದೆಂದು ತೀರ್ಮಾನಿಸಿದೆವು. ಠರಾವಿನ ಒಕ್ಕಣೆ ನಾನೇ ಬರೆದೆ: "ಸದಸ್ಯರ ಪತ್ನಿಯರಿಗೂ ಸದಸ್ಯತ್ವ ಹಾಗೂ ಮತದಾನದ ಹಕ್ಕು ಇರತಕ್ಕದ್ದು." ಓದಿ ಹೇಳಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ನಿಯಮ ತಿದ್ದಲು ವಿಶೇಷ ಸಭೆ ಬೇಕು, ಹಾಜರಿದ್ದವರಲ್ಲಿ ಮೂರರಲ್ಲಿ ಎರಡು ಪಾಲು ಒಪ್ಪಬೇಕು, ಗುಪ್ತ ಮತದಾನವಾಗಬೇಕು. ಓಟು ಹಾಕುವವರು ಮಾತ್ರ ಗಂಡಸರು. ನಮಗೆ ಓಟು ಬೇಕೋ ಬೇಡವೋ ಎಂಬುದಕ್ಕೆ ನಾವೇ ಓಟು ಹಾಕುವ ಹಾಗಿಲ್ಲ.

ಪ್ರಚಾರಕ್ಕೆ ಸಂಕ್ರಾಂತಿ ಕೂಡಿಬಂತು. ಸಂಕ್ರಾಂತಿಯಿಂದ ರಥಸಪ್ತಮಿಯವರೆಗೆ ಪುಣೆಯಲ್ಲಿ ಮನೆಮನೆಯಲ್ಲೂ ಅರಿಷಿಣ ಕುಂಕುಮ. ಮುತ್ತೈದೆಯರು ಒಂದು ಮನೆಯಿಂದ ಇನ್ನೊಂದು ಮನೆಗೆ ರೇಷ್ಮೆ ಸೀರೆ ಸರಸರ ಅನಿಸಿಕೊಂಡು ಓಡಾಡುವ ದಿನಗಳು. ಸಂಜೆ ಗಂಡಸರಿಗೆ ಮನೆಯಲ್ಲಿ ಜಾಗವೇ ಇರುವುದಿಲ್ಲ, ಹೊರಗೆ ಕಟ್ಟೆಯ ಮೇಲೆ ಕೂತು ಹರಟೆ ಹೊಡೆಯಬೇಕು. ನಾವು ಎಳ್ಳುಬೆಲ್ಲ ತಿನ್ನುತ್ತ ಒಬ್ಬೊಬ್ಬರಿಗೂ ಹೇಳಿದೆವು: ನಿಮ್ಮ ಮನೆಯವರನ್ನು ಒಪ್ಪಿಸುವುದು ನಿಮ್ಮ ಕೆಲಸ. ಸದಾಶಿವ ಪೇಠೆಯಿಂದ ಬಿಬವೇವಾಡಿಯ ಹೊಸ ಮನೆಗಳವರೆಗೆ ಒಂದು ಮನೆ ಬಿಡಲಿಲ್ಲ ಎಂದು ನಾನು ಅಂದುಕೊಂಡಿದ್ದೆ. ಎಲ್ಲರ ಗಂಡಂದಿರೂ ಹೂಂ ಅಂದಿದ್ದರು.

ಸಭೆಗೆ ಒಂದು ಕಳೆ ಬರಲೆಂದು ನಮ್ಮ ಓಣಿಯ ಪ್ರೊಫೆಸರಬಾಯಿಯನ್ನು ಭಾಷಣಕ್ಕೆ ಕರೆದೆವು. ಧಾರವಾಡದ ಕಡೆಯವರು, ಕಾಲೇಜಿನಲ್ಲಿ ಇತಿಹಾಸ ಕಲಿಸಿ ನಿವೃತ್ತರಾದವರು. ಹೆಣ್ಣುಮಕ್ಕಳ ಹಕ್ಕಿನ ಬಗ್ಗೆ ಅವರು ಗಂಟೆ ಬಾರಿಸಿದ ಹಾಗೆ ಮಾತಾಡಿದರು. ಗಂಡಸರು ಚಪ್ಪಾಳೆಯ ಮೇಲೆ ಚಪ್ಪಾಳೆ ತಟ್ಟಿದರು. ಅಧ್ಯಕ್ಷರಾಗಿದ್ದ ಹಿರಿಯರು, ಹೆಣ್ಣು ಮನೆಯ ದೀಪ ಎಂದೇನೋ ಹೇಳಿದರು. ವಿರೋಧವಾಗಿ ಒಬ್ಬರೂ ಬಾಯಿ ಬಿಡಲಿಲ್ಲ. ಮೂಲೆಯಲ್ಲಿ ಸೀರೆ ಇಳಿಬಿಟ್ಟು ಮರೆ ಮಾಡಿದ್ದೆವು. ಒಬ್ಬೊಬ್ಬರೇ ಒಳಗೆ ಹೋಗಿ ಚೀಟಿಗೆ ಗುರುತು ಹಾಕಿ, ಬಾಯಿಗೆ ಸೀಳು ಕೊರೆದ ಎಣ್ಣೆ ಡಬ್ಬಿಯಲ್ಲಿ ಹಾಕಿ ಬಂದರು. ನಾವು ಆಗಲೇ ಪೇಢೆ ತರಿಸಿಟ್ಟಿದ್ದೆವು.

ಸೋತೆವು. ಮೂರರಲ್ಲಿ ಎರಡು ಪಾಲು ಹಾಗಿರಲಿ, ಅರ್ಧಕ್ಕೂ ತಲುಪಲಿಲ್ಲ.

ಪೇಢೆಯನ್ನು ಏನು ಮಾಡಬೇಕೆಂದು ತಿಳಿಯದೆ ಎಲ್ಲರಿಗೂ ಹಂಚಿದೆವು. ಬೇಡ ಎಂದು ಹಾಕಿದವರೂ ತಿಂದರು. ನನಗೆ ಅಳುವುದಕ್ಕಿಂತ ಮೊದಲು ಬಂದದ್ದು ಆಶ್ಚರ್ಯ. ಯಾರು ಇವರು? ಎಲ್ಲಿದ್ದರು? ಮರುದಿನದಿಂದ ಅದೇ ನನ್ನ ಹುಚ್ಚಾಯಿತು. ಮಕ್ಕಳನ್ನು ಬಿಡಲು ಬಂದ ಅಪ್ಪಂದಿರನ್ನು ನಿಲ್ಲಿಸಿ ಮಾತಿಗೆಳೆದೆ. "ನಾ ಹೂಂ ಅಂತನ ಹಾಕೇನ್ರಿ ಬಾಯಾರ, ದೇವರಾಣಿ" ಎಂದರು ಒಬ್ಬರು. ಇನ್ನೊಬ್ಬರೂ ಅದನ್ನೇ ಹೇಳಿದರು, ಆಮೇಲಿನವರೂ ಅಷ್ಟೇ. ಕೇಳಿದವರೆಲ್ಲ ಹೂಂ ಎಂದಿದ್ದರೆ ನಾವು ಸೋತದ್ದು ಹೇಗೆ?

ನನ್ನ ಮೊದಲ ಗುಮಾನಿ ಅಧ್ಯಕ್ಷರ ಮೇಲೆ. ಮಡಿವಂತರು, ಮನೆಯ ದೀಪ ಎಂದವರು. ಒಂದು ನೆಪ ಮಾಡಿಕೊಂಡು ಅವರ ಮನೆಗೆ ಹೋದೆ. ಅವರ ಹೆಂಡತಿ ಅಡುಗೆ ಮನೆಗೆ ಕರೆದು ಕೂರಿಸಿಕೊಂಡು ನಕ್ಕರು. "ನಮ್ಮವರು ಹೂಂ ಅಂತನ ಹಾಕ್ಯಾರ. ಬ್ಯಾಡ ಅಂತ ಹಾಕಿ ಈ ಮನಿಯಾಗ ಉಣ್ಣಬೇಕಲ್ಲ?" ಎಂದರು. ಅವರ ದನಿ ಕೇಳಿದ ಮೇಲೆ ನನ್ನ ಗುಮಾನಿ ಕರಗಿತು. ಎರಡನೆಯ ಗುಮಾನಿ ನನ್ನ ಮನೆಯಲ್ಲೇ. ಠರಾವು ಮಂಡಿಸಿದವರೇ ಯಜಮಾನರು, ಆದರೂ ಊಟಕ್ಕೆ ಬಡಿಸುವಾಗ ನಾನು ಅವರ ಮುಖವನ್ನೇ ನೋಡುತ್ತಿದ್ದೆ. "ನನ್ನ ಮ್ಯಾಲೂ ಸಂಶಯ ಏನ?" ಎಂದು ಅವರು ರೊಟ್ಟಿ ಮುರಿಯುವುದನ್ನೇ ನಿಲ್ಲಿಸಿದರು. ನನಗೆ ನಗು ಬಂತು, ಅವರಿಗೆ ಬರಲಿಲ್ಲ.

ಕೊನೆಗೆ ಪ್ರೊಫೆಸರಬಾಯಿಯ ಮನೆಗೆ ಹೋದೆ. ಕ್ಷಮೆ ಕೇಳುವ ಹಾಗೆ ಏನೋ ತೊದಲಿದೆ. ಅವರು ಕನ್ನಡಕ ಒರೆಸುತ್ತ, "ನನ್ನ ಭಾಷಣದಿಂದನ ಸೋತೀರಿ ಬಿಡ್ರಿ. ಕೊಲೊರಾಡೊದಾಗೂ ಮೊದಲ ಸಲ ಹಿಂಗ ಆಗಿತ್ತು" ಎಂದರು.

"ಎಲ್ಲಿ?"

"ಕೊಲೊರಾಡೊ. ಅಮೆರಿಕಾದಾಗ ಒಂದು ರಾಜ್ಯ ಅದ. ಗುಡ್ಡಗಾಡು, ಬೆಳ್ಳಿ ಗಣಿಗಳ ನಾಡು."

ಅವರು ಹೇಳಿದ್ದನ್ನು ನಾನು ಬಾಯಿ ತೆರೆದುಕೊಂಡು ಕೇಳಿದೆ. ಇಡೀ ಅಮೆರಿಕದ ಹೆಂಗಸರಿಗೆ ಓಟು ಬರುವುದಕ್ಕೆ ಎಷ್ಟೋ ಮುಂಚೆ ಆ ರಾಜ್ಯದ ಹೆಂಗಸರು ತಮಗೆ ಓಟು ಬೇಕೆಂದು ಹೊರಟರು. ಕೊಡಬೇಕೋ ಬೇಡವೋ ಎಂಬುದನ್ನು ಅಲ್ಲಿಯ ಗಂಡಸರೆಲ್ಲ ಓಟು ಹಾಕಿ ನಿರ್ಣಯಿಸಬೇಕಾಗಿತ್ತು, ನಮ್ಮ ಸಂಘದ ಹಾಗೆಯೇ. ೧೮೭೭ರಲ್ಲಿ ಮೊದಲ ಸಲ ಆ ಪ್ರಶ್ನೆ ಬಂತು. ಹೊರಗಿನಿಂದ ದೊಡ್ಡ ದೊಡ್ಡ ಭಾಷಣಕಾರರು ಬಂದು ಊರೂರು ತಿರುಗಿದರು. ಜನ ಕೂಡಿ ಕೇಳಿದರು. ಓಟಿನ ದಿನ ಮಾತ್ರ ಸೋಲಾಯಿತು. ಆಮೇಲೆ ಹದಿನಾರು ವರ್ಷ ಬಿಟ್ಟು, ೧೮೯೩ರಲ್ಲಿ, ಅದೇ ಗಂಡಸರ ನಾಡಿನಲ್ಲಿ ಅದೇ ಪ್ರಶ್ನೆ ಗೆದ್ದಿತು.

"ನಡುವ ಏನ ಮಾಡಿದ್ರಂತ?" ನಾನು ಮುಂದಕ್ಕೆ ಸರಿದು ಕೂತೆ.

"ನಾ ಓದಿದ್ದು ಇಷ್ಟ. ಎರಡನೇ ಸಲ ಭಾಷಣ ಕಡಿಮಿ ಆಯ್ತು, ಊರೂರಿನ ಹೆಣ್ಣಮಕ್ಕಳು ಸಣ್ಣ ಸಣ್ಣ ಗುಂಪು ಮಾಡಿಕೊಂಡು ತಮ್ಮೂರಿನ ಗಂಡಸರ ಹತ್ರ ತಾವ ಹೋದ್ರು. ರೈತರು, ಕೂಲಿಕಾರರ ಪಕ್ಷ ಅವರ ಜೋಡಿ ನಿಂತಿತು. ಅಲ್ಲಿ ಗಣಿ ಊರಾಗ ಬರೇ ಗಂಡಸರ ಇರ್ತಿದ್ರು ನೋಡ್ರಿ. ಹೆಂಡ್ತಿ ಇಲ್ಲ, ಮನಿ ಇಲ್ಲ. ಹೆಂಡ್ತೀರ ಕಡೆಯಿಂದ ಹೇಳಸ್ತೀನಿ ಅಂದ್ರ ಅವರಿಗೆ ಮುಟ್ಟೂದು ಹೆಂಗ? ಅಂಥವರ ಹತ್ರ ಹೋಗಿ ಓಟ ಕೇಳಬೇಕಾತು."

ನಾನು ಆಗಲೇ ಮನಸ್ಸಿನಲ್ಲಿ ನಮ್ಮ ಸಂಘದ ಸಭಾಂಗಣ ನೋಡುತ್ತಿದ್ದೆ. ಹಿಂದಿನ ಸಾಲುಗಳಲ್ಲಿ ಕೂರುವವರು. ಪಿಂಪ್ರಿ ಕಾರ್ಖಾನೆಗಳ ಹುಡುಗರು, ಲಾರಿ ಕಚೇರಿಗಳ ಗುಮಾಸ್ತರು, ಹೆಂಡತಿ ಮಕ್ಕಳನ್ನು ವಿಜಾಪುರದಲ್ಲೋ ಗುಲಬರ್ಗಾದಲ್ಲೋ ಬಿಟ್ಟು ಬಂದ ನಡುವಯಸ್ಸಿನವರು. ಒಬ್ಬೊಬ್ಬನೂ ನಿಯಮಾವಳಿಯ ಪ್ರಕಾರ ಒಂದು ಕುಟುಂಬ. ಅವರ ಮನೆಗೆ ಯಾವ ಅರಿಷಿಣ ಕುಂಕುಮ? ನಾವು ಒಬ್ಬರೂ ಅವರ ಹತ್ತಿರ ಹೋಗಿರಲಿಲ್ಲ, ಹೋಗಲು ನಮಗೆ ದಾರಿಯೂ ಇರಲಿಲ್ಲ.

"ಇವರೆಲ್ಲ ಎಲ್ಲಿ ಉಣ್ತಾರ?" ಎಂದು ಮನೆಗೆ ಬಂದು ಯಜಮಾನರನ್ನು ಕೇಳಿದೆ.

"ಸ್ವಾರಗೇಟ ಹತ್ರ ಮಾವಶಿ ಖಾನಾವಳಿ ಅದಲ್ಲ, ಅಲ್ಲೆ. ಯಾಕ?"

"ನಾ ಅಲ್ಲೆ ಊಟಕ್ಕ ಹೋಗ್ತೀನಿ."

ಮನೆಯಲ್ಲಿ ಒಲೆ ಇರುವ ಹೆಂಗಸು ಖಾನಾವಳಿಗೆ ಊಟಕ್ಕೆ ಹೋಗುವುದು ಆ ಕಾಲಕ್ಕೆ ಸಣ್ಣ ಮಾತಲ್ಲ. ಗಂಡ ಹೆಂಡತಿ ಜಗಳ ಎಂದೇ ಊರು ತಿಳಿಯುತ್ತಿತ್ತು. ಯಜಮಾನರು, "ಐತವಾರ ಹೋಗು. ಐತವಾರ ಮಧ್ಯಾಹ್ನ ಹೋಳಿಗಿ ಇರ್ತದ, ಸಂಜೀ ಮುಂದ ಖಾನಾವಳಿ ಬಂದ್. ಒಬ್ಬರೂ ತಪ್ಪಿಸೂದಿಲ್ಲ" ಎಂದರು.

ಆ ಖಾನಾವಳಿಯ ಒಡತಿಯನ್ನು ಊಟಕ್ಕೆ ಬರುವವರೆಲ್ಲ ಮರಾಠಿ ರೂಢಿಯಂತೆ ಮಾವಶಿ, ಅಂದರೆ ಚಿಕ್ಕಮ್ಮ, ಎನ್ನುತ್ತಿದ್ದರು. ಗುಲಬರ್ಗಾ ಕಡೆಯವರು, ಗಂಡ ತೀರಿದ ಮೇಲೆ ಒಬ್ಬರೇ ಖಾನಾವಳಿ ನಡೆಸಿಕೊಂಡಿದ್ದರು. ಸಂಘದ ಊಟಗಳಿಗೆಲ್ಲ ರೊಟ್ಟಿ ಅವರಲ್ಲಿಂದಲೇ ಬರುತ್ತಿದ್ದವು. ನನ್ನನ್ನು ನೋಡಿ, "ಟೀಚರ ಇತ್ಲಾಗ ಯಾಕ ಬಂದ್ರಿ? ರೊಟ್ಟಿ ಹೇಳಾಕ?" ಎಂದರು. ಊಟಕ್ಕೆ ಬಂದೆ ಎಂದಾಗ ಒಳಗೆ ಅಡುಗೆ ಮನೆಗೆ ಕರೆದರು. ನಾನು ಹೊರಗೇ ಗಂಡಸರ ಸಾಲಿನ ಕೊನೆಗೆ, ಬೆಂಚಿನ ಮೇಲೆ ಕೂತೆ. ಪಕ್ಕದಲ್ಲಿದ್ದವರು ಒಂದು ಮಾರು ಸರಿದರು. ಹೋಳಿಗೆಯ ಮೇಲೆ ತುಪ್ಪ ಬೀಳುವ ತನಕ ಕಾದೆ. ಆಮೇಲೆ ನೇರವಾಗಿ ಕೇಳಿದೆ: ನಮ್ಮ ಠರಾವಿಗೆ ನೀವು ಏನು ಹಾಕಿದಿರಿ?

ಲೇಥ್ ಮಶೀನಿನ ಮೇಲೆ ಕೆಲಸ ಮಾಡುವ ಒಬ್ಬ ತರುಣ ಎದುರಿನ ಬೆಂಚಿನಿಂದ ತಲೆ ಎತ್ತಿದ. "ಬ್ಯಾಡ ಅಂತ ಹಾಕೇವ್ರಿ. ಮುಚ್ಚಿಡೂದೇನದ ಅದರಾಗ?"

"ಯಾಕ್ರಿ?"

"ನೋಡ್ರಿ ಬಾಯಾರ, ಈಗ ಮನಿಗೆ ಒಂದ ಓಟು. ನಿಮ್ಮ ಮನಿಗೂ ಒಂದ, ನನಗೂ ಒಂದ. ನಿಮ್ಮ ಠರಾವು ಪಾಸಾದ್ರ ಸಂಸಾರ ಇದ್ದವರಿಗೆ ಎರಡು, ನಮಗ ಒಂದ. ಆಮ್ಯಾಲ ನಮ್ಮ ಮಾತ ಯಾರ ಕೇಳ್ತಾರ? ಸಂಜೀ ಮುಂದ ಪೇಪರ ಓದಾಕ ಒಂದು ಖೋಲಿ ಬಿಡ್ರಿ ಅಂತ ನಾವು ಎಷ್ಟ ವರ್ಷ ಕೇಳಾಕತ್ತೀವಿ?"

ಅವನ ಪಕ್ಕದ ಹಿರಿಯರೊಬ್ಬರು ತಲೆ ಹಾಕಿದರು. "ನನ್ನ ಹೆಂಡ್ತಿ ಆಳಂದದಾಗ ಹೊಲ ನೋಡಿಕೊಂಡು ಅದಾಳ. ಅಕೀಗೆ ಇಲ್ಲಿ ಓಟ ಕೊಟ್ಟರ ಬಂದು ಹಾಕ್ತಾಳೇನ್ರಿ?" ಎಂದರು. ಎಲ್ಲರೂ ನಕ್ಕರು. ನಾನೂ ನಕ್ಕೆ. ಹೆಣ್ಣುಮಕ್ಕಳೆಂದರೆ ಆಗದವರು ಇವರು ಎಂದು ನಾನು ಕಟ್ಟಿಕೊಂಡು ಹೋಗಿದ್ದ ಗಂಟು ಅಲ್ಲೇ ಬಿಚ್ಚಿಹೋಯಿತು. ಇವರಿಗೆ ನಮ್ಮ ಮೇಲೆ ಸಿಟ್ಟಿರಲಿಲ್ಲ. ತಮ್ಮ ತೂಕ ಕಡಿಮೆಯಾಗುವ ಹೆದರಿಕೆ, ಅದೂ ನ್ಯಾಯವಾದ ಹೆದರಿಕೆ.

ಮಾವಶಿ ಸಾರಿನ ಬಕೆಟು ಹಿಡಿದು ನನ್ನ ಮುಂದೆ ಬಂದು ನಿಂತರು. "ನನ್ನನ್ನೂ ಒಂದು ಮಾತ ಕೇಳ್ರಲ್ಲ, ಟೀಚರ. ನಿಮ್ಮ ಠರಾವಿನಾಗ ನಾ ಎಲ್ಲೆ ಅದೀನಿ?"

ನಾನು ಕೈಯಲ್ಲಿದ್ದ ಹೋಳಿಗೆಯನ್ನು ಎಲೆಗೆ ಇಟ್ಟೆ.

"ನಮ್ಮವರು ಇರೂತನ ಸಂಘದ ಮೆಂಬರು. ಅವರು ಹೋದ್ರು, ಕಾರ್ಡೂ ಹೋತು. ಈಗ ನೀವು ಸದಸ್ಯರ ಪತ್ನಿಯರಿಗೆ ಅಂದ್ರಿ. ನಾ ಯಾರ ಪತ್ನಿ? ಪ್ರೊಫೆಸರಬಾಯಿ ಯಾರ ಪತ್ನಿ? ಅವರ ಕಡೆಯಿಂದ ಭಾಷಣ ಮಾಡಿಸಿದ್ರಿ, ಅವರಿಗ ಓಟಿಲ್ಲ. ನಿಮ್ಮ ಅರಿಷಿಣ ಕುಂಕುಮಕ್ಕ ನನ್ನ ಯಾರ ಕರೀತಾರ?" ದನಿ ಏರಿಸಲಿಲ್ಲ. ಸಾರು ಬಡಿಸಿ ಮುಂದಿನ ಎಲೆಗೆ ಹೋದರು. ಮುತ್ತೈದೆಯರ ಹಬ್ಬದ ಬೆನ್ನೇರಿ ಪ್ರಚಾರ ಮಾಡಿದವರಿಗೆ ವಿಧವೆಯರೂ ಮದುವೆಯಾಗದವರೂ ಕಾಣದೆ ಹೋದದ್ದು ಸಹಜವೇ. ಒಕ್ಕಣೆಯಲ್ಲಿಯೂ ಅವರಿಗೆ ಜಾಗವಿರಲಿಲ್ಲ.

ಕೈ ತೊಳೆಯಲು ಒಳಗೆ ಹೋದಾಗ ಜೋಳದ ಚೀಲಗಳ ನಡುವೆ ಒಂದು ತಗಡಿನ ಟ್ರಂಕು, ಒಂದು ಸುತ್ತಿದ ಹಾಸಿಗೆ ಕಂಡವು. ದವಾಖಾನೆಗೆ ನರ್ಸ್ ಆಗಿ ಹೊಸದಾಗಿ ಬಂದ ನಮ್ಮ ಕಡೆಯ ಹುಡುಗಿಯದು, ಬಾಡಿಗೆ ಖೋಲಿ ಸಿಗುವ ತನಕ ಇಲ್ಲೇ ಮಲಗುತ್ತಾಳೆ ಎಂದರು ಮಾವಶಿ. ಒಂಟಿ ಹೆಣ್ಣಿಗೆ ಪುಣೆಯಲ್ಲಿ ಖೋಲಿ ಕೊಡುವವರು ಕಡಿಮೆ. ಅವಳಿಗಿಂತ ಮುಂಚೆ ಇನ್ನೊಬ್ಬಳಿದ್ದಳಂತೆ.

ಪ್ರೊಫೆಸರಬಾಯಿ, ನಾನು ಇಬ್ಬರೂ ಕೂತು ನಿಯಮಾವಳಿ ಮೊದಲಿನಿಂದ ಓದಿದೆವು. ಸೋತ ಠರಾವನ್ನು ಒಂದು ವರ್ಷ ಮತ್ತೆ ತರುವ ಹಾಗಿಲ್ಲ ಎಂದಿತ್ತು. ಅಷ್ಟರಲ್ಲಿ ಮಳೆಗಾಲ ಬಂದು ಕೋಣೆ ಗೋದಾಮಾಗಿ ಹೋಗುತ್ತಿತ್ತು. ಆದರೆ ಬೇರೆ ಠರಾವು ತರಲು ಅಡ್ಡಿ ಇರಲಿಲ್ಲ. ನಾವು ಬೇರೆಯದನ್ನೇ ಬರೆದೆವು. ಕುಟುಂಬ ಎಂಬ ಮಾತು ತೆಗೆದುಹಾಕಿದೆವು. ಪುಣೆಯಲ್ಲಿ ವಾಸವಾಗಿರುವ, ಇಪ್ಪತ್ತೊಂದು ತುಂಬಿದ, ಕನ್ನಡ ಬಲ್ಲ ಯಾರೇ ಆಗಲಿ ಸದಸ್ಯರಾಗಬಹುದು, ಒಬ್ಬರಿಗೆ ಒಂದು ಓಟು. ಅದಕ್ಕೆ ಒಂದು ವಾಕ್ಯ ಸೇರಿಸಿದೆವು: ಕಾರ್ಯಕಾರಿ ಮಂಡಳಿಯಲ್ಲಿ ಒಂಟಿಯಾಗಿ ವಾಸಿಸುವ ಸದಸ್ಯರಿಗೆ ಜಾಗಗಳು ಮೀಸಲಿರಬೇಕು. ಲೇಥ್ ತರುಣನ ಹೆದರಿಕೆಗೆ ಅದು ನಮ್ಮ ಉತ್ತರ.

ಇಲ್ಲಿಂದ ಮುಂದಿನ ಜಗಳ ಗಂಡಸರ ಜೊತೆಗಲ್ಲ, ನಮ್ಮವರ ಜೊತೆಗೇ ಆಯಿತು. ಮಹಿಳಾ ವಿಭಾಗದಲ್ಲಿ ಹೊಸ ಒಕ್ಕಣೆ ಓದಿದಾಗ ಒಬ್ಬರೂ ಚಪ್ಪಾಳೆ ತಟ್ಟಲಿಲ್ಲ. "ಇದೇನ್ರಿ? ನಾವು ಕೇಳಿದ್ದು ನಮಗ. ಈಗ ಯಾರ ಯಾರರೆ ಬಂದು ಕೂಡ್ತಾರಲ್ಲ?" ಎಂದರು ಒಬ್ಬರು. "ಖಾನಾವಳಿಯಾಕಿ ನಮ್ಮ ಅಧ್ಯಕ್ಷಳಾಗ್ತಾಳ ನೋಡ್ರಿ" ಎಂದು ಇನ್ನೊಬ್ಬರು ನಕ್ಕರು. ಹಳೆಯ ಒಕ್ಕಣೆಯನ್ನೇ ಇಟ್ಟುಕೊಂಡು ಮುಂದಿನ ವರ್ಷ ತರೋಣ, ಅವಸರ ಯಾಕೆ ಎಂದವರೇ ಹೆಚ್ಚು. ಅವಸರ ನನಗಿತ್ತು, ನನ್ನ ಮಕ್ಕಳಿಗಿತ್ತು. ಆದರೆ ಅದೊಂದೇ ಆಗಿದ್ದರೆ ನಾನು ಬೇರೆ ಉಪಾಯ ಹುಡುಕುತ್ತಿದ್ದೆನೇನೋ. ಮಾವಶಿಯ ಆ ಪ್ರಶ್ನೆ ಕೇಳಿದ ಮೇಲೆ ಹಳೆಯ ಒಕ್ಕಣೆ ಓದಲು ನನಗೆ ನಾಲಿಗೆ ಏಳುತ್ತಿರಲಿಲ್ಲ. ಬರುವವರು ಬನ್ನಿ, ನಾನಂತೂ ಹೊಸದನ್ನೇ ತರುತ್ತೇನೆ ಎಂದೆ. ಕೆಲವರು ನನ್ನ ಜೊತೆ ಮಾತು ಬಿಟ್ಟರು. ಇಬ್ಬರು ತಮ್ಮ ಮಕ್ಕಳನ್ನೂ ಶಿಶುವಿಹಾರದಿಂದ ಬಿಡಿಸಿದರು.

ವಿಶೇಷ ಸಭೆ ಕರೆಯಲು ಸದಸ್ಯರ ಸಹಿ ಬೇಕು, ಸದಸ್ಯರೆಂದರೆ ಗಂಡಸರು. ಮುಂದಿನ ಐತವಾರ ಖಾನಾವಳಿಯ ಬೆಂಚಿನ ಮೇಲೆ ಹೋಳಿಗೆ ಊಟ ಮುಗಿಸಿದವರು ಕೈ ಒರೆಸಿಕೊಂಡು ಸಹಿ ಹಾಕಿದರು. ಮಾವಶಿ, "ತುಪ್ಪದ ಕೈ ಹಚ್ಚಬ್ಯಾಡ್ರೋ" ಎಂದು ಬಯ್ಯುತ್ತ ಒಬ್ಬೊಬ್ಬರಿಗೂ ಕೈ ತೊಳೆಯಲು ಬೂದಿ, ನೀರು ಕೊಟ್ಟರು. ಠರಾವು ಮಂಡಿಸಲು ಲೇಥ್ ತರುಣ ಒಪ್ಪಿಕೊಂಡ. ನಾನು ಸ್ಟೆನ್ಸಿಲ್ ಕಾಗದದ ಮೇಲೆ ಮೊಳೆಯಂಥ ಲೇಖನಿಯಿಂದ ಕೊರೆದು ನೋಟೀಸು ಸಿದ್ಧಮಾಡಿದೆ. ಕೊರೆಯುವಾಗ ಹೆಚ್ಚು ಒತ್ತಿದರೆ ಸ್ಟೆನ್ಸಿಲ್ ಹರಿಯುತ್ತದೆ, ಕಡಿಮೆ ಒತ್ತಿದರೆ ಒತ್ತಕ್ಷರಗಳು ಮೂಡುವುದಿಲ್ಲ. ಎರಡು ಸಲ ಕೆಡಿಸಿ ಮೂರನೆಯ ಸಲ ಸರಿಯಾಯಿತು. ಸೈಕ್ಲೋಸ್ಟೈಲ್ ಯಂತ್ರ ತಿರುಗಿಸಿ ಪ್ರತಿ ತೆಗೆದು ಮನೆಗೆ ಬಂದಾಗ ಮೊಳಕೈವರೆಗೆ ಮಸಿ.

ಕಾರ್ಯದರ್ಶಿಗಳು ನೋಟೀಸು ಹಿಡಿದು ಎರಡು ಸಲ ಓದಿದರು. "ಇದು ಮೊದಲಿನ ಠರಾವ ಅಲ್ಲೇನ್ರಿ?"

"ಅಲ್ರಿ. ಅದರಾಗ ಪತ್ನಿಯರು ಇದ್ರು. ಇದರಾಗ ಮನುಷ್ಯರು ಅದಾರ" ಎಂದರು ಪ್ರೊಫೆಸರಬಾಯಿ.

ಕಾರ್ಯದರ್ಶಿಗಳು ನಿಯಮಾವಳಿ ತಿರುವಿದರು. ನಿಯಮ ನಮ್ಮ ಕಡೆಗಿತ್ತು. ತಮಗೆ ಇಷ್ಟವಿಲ್ಲದ್ದನ್ನೂ ಅವರು ಅದೇ ಸಂತೋಷದಿಂದ ಓದಿ ಒಪ್ಪಿಕೊಂಡರು. ಆ ಗಳಿಗೆಯಲ್ಲಿ ನನಗೆ ಅವರ ಮೇಲೆ ಗೌರವ ಬಂತು.

ಈ ಸಲ ಭಾಷಣವಿಲ್ಲ, ಪೇಢೆಯೂ ಇಲ್ಲ. ನಾವು ಕೆಲವು ಹೆಂಗಸರು ಬಾಗಿಲಲ್ಲಿ ನಿಂತು ಬಂದವರಿಗೆಲ್ಲ ನಮಸ್ಕಾರ ಮಾಡಿದೆವು, ಅಷ್ಟೇ. ಮಾವಶಿ ಖಾನಾವಳಿ ಬಾಗಿಲು ಹಾಕಿಕೊಂಡು ಬಂದು ನಮ್ಮ ಜೊತೆ ನಿಂತರು. ಅವರನ್ನು ಕಂಡು ಹಿಂದಿನ ಸಾಲಿನವರು ಸೆಟೆದು ಕೂತದ್ದು ನೋಡಬೇಕಿತ್ತು. ಡಬ್ಬಿ ಬಿಚ್ಚಿ ಎಣಿಸುವಾಗ ನಾನು ಉಗುರು ಕಚ್ಚುತ್ತ ಹೊರಗೆ ಬೇವಿನ ಮರದ ಕೆಳಗೆ ನಿಂತಿದ್ದೆ. ಯಜಮಾನರು ಓಡಿ ಬಂದರು. ಮೂರರಲ್ಲಿ ಎರಡು ಪಾಲಿನ ಗೆರೆಯನ್ನು ಕೂದಲೆಳೆಯಷ್ಟು ದಾಟಿದ್ದೆವು. ಮಾವಶಿ ನನ್ನ ಎರಡೂ ಕೈ ಹಿಡಿದುಕೊಂಡರು. ರೊಟ್ಟಿ ಬಡಿದು ಬಡಿದು ದಪ್ಪವಾದ ಅಂಗೈ. ನನಗೆ ಅಷ್ಟು ಸಂತೋಷವಾದದ್ದು ಆಮೇಲೆ ಬಹಳ ವರ್ಷ ಇಲ್ಲ.

ಮಳೆಗಾಲ ಬಂತು. ವಾರ್ಷಿಕ ಸಭೆಗೆ ಇನ್ನೂ ಕೆಲವು ದಿನವಿದ್ದಾಗ ಮಾವಶಿ ಶಿಶುವಿಹಾರಕ್ಕೆ ಬಂದರು. ಮಕ್ಕಳು ಹಾಡುತ್ತಿದ್ದವು. ಅವರು ಹಾಡು ಮುಗಿಯುವ ತನಕ ಬಾಗಿಲಲ್ಲಿ ನಿಂತು ಆಮೇಲೆ ನನ್ನನ್ನು ಹೊರಗೆ ಕರೆದರು.

"ಟೀಚರ, ನಿಮ್ಮ ಬೆನ್ನ ಹಿಂದ ಮಾಡಬಾರದಂತ ಬಂದೀನಿ. ಈ ಖೋಲಿ ಹೊಸದಾಗಿ ಬಂದ ಹೆಣ್ಣಮಕ್ಕಳಿಗೆ ಇರಾಕ ಕೊಡ್ರಿ ಅಂತ ನಾ ಠರಾವು ತರಾಕತ್ತೀನಿ."

"ಮುಂಜಾನಿ ಮಕ್ಕಳು, ರಾತ್ರಿ ಅವರು. ಎರಡೂ ಆಗ್ತದಲ್ರಿ?" ಎಂದೆ.

"ರಾತ್ರಿಪಾಳಿ ಮಾಡಿದ ನರ್ಸ್ ಮುಂಜಾನಿ ಎಲ್ಲಿ ಮಲಗ್ತಾಳ್ರಿ? ಮಕ್ಕಳ ಗದ್ದಲದಾಗ?" ಮಾವಶಿ ಒಳಗೆ ಕೂತ ಮಕ್ಕಳ ಕಡೆ ನೋಡಿದರು. "ನಿಮ್ಮ ಮಕ್ಕಳಿಗೆ ಮನಿ ಅದಾವ. ಇವಕ್ಕ ಇಲ್ಲ. ನನಗ ಇದು ಸರಿ ಕಾಣ್ತದ. ನಿಮಗ ನಿಮ್ಮದು ಸರಿ ಕಾಣ್ತದ, ನೀವು ನಿಮ್ಮದನ್ನ ತರ್ರಿ."

ನಾನು ಸಿಟ್ಟಾದೆ. ನಿಜ ಹೇಳುತ್ತೇನೆ, ಭಾಳ ಸಿಟ್ಟಾದೆ. ಇಷ್ಟು ಓಡಾಡಿ, ಮಸಿ ಮೆತ್ತಿಕೊಂಡು, ಗೆಳತಿಯರ ಮಾತು ಕಳೆದುಕೊಂಡು ಓಟು ತಂದದ್ದು ಯಾತಕ್ಕೆ? ಇವರಿಗೆ ಓಟು ಬಂದ ಕೂಡಲೇ ನನ್ನ ಕೋಣೆಯೇ ಕಣ್ಣಿಗೆ ಬಿತ್ತೇ? ಪ್ರೊಫೆಸರಬಾಯಿಯ ಹತ್ತಿರ ಹೋಗಿ, ಕೊಲೊರಾಡೊದ ಹೆಂಗಸರಿಗೆ ಓಟು ಬಂದ ಮೇಲೆ ಎಲ್ಲರೂ ಒಂದೇ ಕಡೆ ಹಾಕಿದರೇ ಎಂದು ಕೇಳಿದೆ. ಅವರು ನಕ್ಕುಬಿಟ್ಟರು. "ಯಾಕ ಹಾಕ್ತಾರ್ರಿ? ಗಂಡಸರು ಹಾಕ್ತಾರೇನು?"

ಗೋದಾಮಿನ ಠರಾವನ್ನು ಸಭೆಯಲ್ಲಿ ಯಾರೂ ಕೇಳಲೇ ಇಲ್ಲ, ಹೊಸ ಸದಸ್ಯರ ಸಂಖ್ಯೆ ನೋಡಿ ಕಾರ್ಯದರ್ಶಿಗಳೇ ಅದನ್ನು ಹಿಂದಕ್ಕೆ ತೆಗೆದುಕೊಂಡರು. ಉಳಿದದ್ದು ಎರಡು. ನಾನು ಶಿಶುವಿಹಾರದ ಪರವಾಗಿ ಮಾತಾಡಿದೆ. ಮಾವಶಿ ಎದ್ದು ನಿಂತು, ತಾವು ಖಾನಾವಳಿಯಲ್ಲಿ ಮಲಗಿಸಿಕೊಂಡ ಹುಡುಗಿಯರ ಬಗ್ಗೆ ನಾಲ್ಕು ಮಾತು ಹೇಳಿ ಕೂತುಕೊಂಡರು. ರಾತ್ರಿಪಾಳಿ ಮುಗಿಸಿ ನೇರವಾಗಿ ಬಂದಿದ್ದ ಆ ನರ್ಸ್ ಗೋಡೆಗೆ ತಲೆ ಆನಿಸಿ ಕೂತಲ್ಲೇ ತೂಕಡಿಸುತ್ತಿದ್ದಳು. ಮಾತು ಬಿಟ್ಟಿದ್ದ ಹೆಂಗಸರೂ ಬಂದಿದ್ದರು, ಹೊಸ ಸದಸ್ಯರಾಗಿ. ಅವರಲ್ಲಿ ಒಬ್ಬರು ನನ್ನನ್ನು ನೋಡಿ ನಕ್ಕರು.

ನನ್ನ ಸರದಿ ಬಂತು. ಸೀರೆಯ ಮರೆಯೊಳಗೆ ಹೋದೆ. ಚೀಟಿಯ ಮೇಲೆ ಎರಡು ಚೌಕ, ಒಂದರ ಪಕ್ಕ ಶಿಶುವಿಹಾರ, ಇನ್ನೊಂದರ ಪಕ್ಕ ವಸತಿ. ಅದನ್ನು ಕೊರೆದವಳೂ ನಾನೇ. ಪೆನ್ಸಿಲು ಹಿಡಿದು ಎಷ್ಟು ಹೊತ್ತು ನಿಂತೆನೋ, ಹೊರಗೆ ಯಾರೋ ಕೆಮ್ಮಿದರು. ಗುರುತು ಹಾಕಿ, ಮಡಚಿ, ಡಬ್ಬಿಯಲ್ಲಿ ಬಿಟ್ಟು ಬಂದೆ.

ಶಿಶುವಿಹಾರ ಸೋತಿತು. ಕೆಲವೇ ಓಟುಗಳ ಅಂತರ.

ಮನೆಗೆ ನಡೆದು ಹೊರಟೆವು. ಮಳೆ ನಿಂತಿತ್ತು. ಯಜಮಾನರು ಎಂದಿನ ಹಾಗೆ ಯಾರಿಗೆ ಹಾಕಿದೆ ಎಂದು ಹೇಳಲಿಲ್ಲ. ಸ್ವಾರಗೇಟಿನ ಹತ್ತಿರ ಬಂದಾಗ ಮೆಲ್ಲಗೆ ಕೇಳಿದರು.

"ನೀ ಖೋಲಿ ಯಾರಿಗೆ ಅಂತ ಹಾಕಿದಿ?"

"ನೀವು?"

ಅವರು ರಸ್ತೆಯಲ್ಲಿ ನಿಂತ ನೀರು ದಾಟಿದರು. ನಾನೂ ದಾಟಿದೆ. ಇಬ್ಬರಿಗೂ ತಿಳಿದುಕೊಳ್ಳುವ ಆಸೆ ಇತ್ತು, ಈಗಲೂ ಇದೆ. ಇಷ್ಟು ವರ್ಷ ಸಂಸಾರ ಮಾಡಿದ್ದೇವೆ, ಅವರೂ ಹೇಳಿಲ್ಲ, ನಾನೂ ಹೇಳಿಲ್ಲ.